ಹಳ್ಳದ ನಡುವೆ ನಾಲ್ಕು ತಂತಿಗಳು

"ಹೊತ್ತ ಮುಣಗೂದ್ರಾಗ ಆಕಿ ಈ ಕಟ್ಟಿ ಮ್ಯಾಲ ಕುಂತಿರಬೇಕು, ಮುರಗೆಪ್ಪ," ಎಂದರು ಡಾಕ್ಟರು. "ನಾಳೆ ಅಂದ್ರ ನಾಳೆ ಇಲ್ಲ."

ಅದು ೧೯೫೧ರ ಭಾದ್ರಪದ. ಜತ್ತದ ಸಂಸ್ಥಾನ ಹೋಗಿ ಮೂರು ವರ್ಷವಾಗಿತ್ತು. ದವಾಖಾನೆಯ ಮುಂದೆ ಯುದ್ಧದಿಂದ ಉಳಿದು ಬಂದ ಹಳೆಯ ಜೀಪೊಂದು ನಿಂತಿತ್ತು. ಅದರ ಪಕ್ಕದಲ್ಲಿ, ಕಂಬಳಿಯನ್ನು ಎದೆಗವಚಿಕೊಂಡು ನಿಂತಿದ್ದ ಕುರಿಗಾರ ಬೀರದೇವ ಮಾಡಗ್ಯಾಳದ ಆಚೆಯ ಮಾಳದಿಂದ ಏಳೆಂಟು ಹರದಾರಿ ನಡೆದು ಬಂದಿದ್ದ. ಅವನ ಹೆಂಡತಿ ದುಂಡವ್ವನ ಕೆನ್ನೆಗೆ ಹುಚ್ಚು ತೋಳ ಕಚ್ಚಿ ಐದು ದಿನಗಳಾಗಿದ್ದವು. ಸೊಪ್ಪು ಕಟ್ಟಿದ್ದಾಯಿತು, ದಾರ ಕಟ್ಟಿದ್ದಾಯಿತು. ಆರನೆಯ ದಿನ ಅವನಿಗೆ ದವಾಖಾನೆ ನೆನಪಾಗಿತ್ತು.

ಕಾಲಿಗೆ ಕಚ್ಚಿದರೆ ವಿಷ ತಲೆ ಮುಟ್ಟಲು ವಾರಗಳು ಬೇಕು; ಕೆನ್ನೆಯಿಂದ ತಲೆಗೆ ದಾರಿ ಒಂದೇ ಗೇಣು. ಹದಿನಾಲ್ಕು ದಿನ, ಹೊಟ್ಟೆಗೆ ಹದಿನಾಲ್ಕು ಸೂಜಿ. ಔಷಧ ಪೆಟ್ಟಿಗೆಯಲ್ಲಿ ಸಿದ್ಧವಾಗಿತ್ತು, ರೋಗಿ ಮಾತ್ರ ಮಾಳದಲ್ಲಿದ್ದಳು. ನಡುವೆ ಒಂದು ಹಳ್ಳವಿತ್ತು. ಪಡುವಣದಲ್ಲಿ ಮೋಡ ಕವಿಯುತ್ತಿತ್ತು. ಹಳ್ಳ ಬಂದರೆ ನಾಲ್ಕು ದಿನ ಯಾರೂ ದಾಟುವಂತಿರಲಿಲ್ಲ.

ಡ್ರೈವರ ಮುರಗೆಪ್ಪ ಜೀಪಿನ ಎಂಜಿನ್ನು ತಿರುವುವ ಹ್ಯಾಂಡಲ್ ಕೈಗೆತ್ತಿಕೊಂಡ. ಅವನು ಮಣಿಪುರದ ಕೆಸರಿನಲ್ಲಿ ಮಿಲಿಟರಿ ಲಾರಿ ನಡೆಸುತ್ತಿದ್ದ ಕಾಲದಲ್ಲಿ, ಬಿಳೂರಿನ ಅವನ ಮನೆಯ ಅಂಗಳದಲ್ಲಿ ತಂಗಿ ಗುರವ್ವನಿಗೆ ನಾಯಿ ಕಚ್ಚಿತ್ತು. ಕಾಗದ ಕೈಸೇರಿ, ರಜೆ ಸಿಕ್ಕಿ, ಅವನು ಊರು ಮುಟ್ಟಿದಾಗ ಅವಳು ಬಟ್ಟಲ ನೀರನ್ನು ಕಂಡು ಗೋಡೆಗೆ ಒತ್ತಿಕೊಳ್ಳುತ್ತಿದ್ದಳು. ಬಾಯಾರಿದ ಜೀವ ನೀರಿಗೆ ಹೆದರುವುದನ್ನು ಕಂಡವನು ಮತ್ತೆ ಯಾವ ಬಟ್ಟಲನ್ನೂ ನಿರಾಳವಾಗಿ ಎತ್ತಲಾರ.

"ಕೈ ತೊಳಕೊಂಡ ಹತ್ರಿ, ಡ್ರೈವರ್ ಸಾಹೇಬ್ರ," ಎಂದು ನಗೆಯಾಡುತ್ತ ಹಿಂದಿನ ಸೀಟಿಗೆ ಹಾರಿದವನು ಕಂಪೌಂಡರ ಬಾಳಾಸಾಹೇಬ. "ನಿಮ್ಮ ಜೀಪು ಕೆಮ್ಮಿದ್ರ ನನ್ನ ಹತ್ರ ಕೆಮ್ಮಿನ ಔಷಧ ಅದ."

"ನಿಮ್ಮ ಔಷಧ ಕುಡಿದ್ರ ಕೆಮ್ಮೂ ನಿಲ್ಲತದ, ಜೀಪೂ ನಿಲ್ಲತದ," ಎಂದ ಮುರಗೆಪ್ಪ. ಆ ದಿನ ಅವನಾಡಿದ ನಗೆಮಾತು ಅದೊಂದೇ.

ಮಾಡಗ್ಯಾಳ ದಾಟಿದ ಮೇಲೆ ದಾರಿ ಎಂಬುದು ಬರೀ ನೆನಪು. ಕಪ್ಪು ಕಲ್ಲು ಎದ್ದ ಬೋಳು ಮಾಳ, ಮುಳ್ಳುಜಾಲಿ, ಒಣಗಿ ಬಿಳುಚಿದ ಹುಲ್ಲು. ಮಳೆಗಾಲದ ನಡುವೆಯೂ ಆ ನೆಲ ಹಸುರನ್ನು ಸಾಲ ತಂದಂತೆ ಅಲ್ಲೊಂದಿಷ್ಟು ಇಲ್ಲೊಂದಿಷ್ಟು ಹೊದ್ದಿತ್ತು. ದೂರದಲ್ಲಿ ಚಿಗರೆಗಳ ಹಿಂಡು ತಲೆಯೆತ್ತಿ ನೋಡಿ, ಗಾಳಿ ಮಡಿಸಿದ ಕಾಗದದಂತೆ ದಿಬ್ಬದಾಚೆ ಸರಿದುಹೋಯಿತು. ಆಕಾಶ ತೀರ ಕೆಳಗಿಳಿದಿತ್ತು. ಅದರಡಿಯಲ್ಲಿ ಜೀಪು ಗೆರೆ ತಪ್ಪಿದ ಬರವಣಿಗೆಯಂತೆ ವಾಲುತ್ತ, ಏಳುತ್ತ, ಬೀಳುತ್ತ ಸಾಗಿತು. ಒಂದು ಕಡೆ ಕಲ್ಲಿನ ಗುಡ್ಡೆಯ ಸಂದಿನಿಂದ ಬೂದು ಬಾಲವೊಂದು ಹೊರಚಾಚಿತ್ತು.

"ಅದ ತೋಳ," ಎಂದ ಬೀರದೇವ. "ನಾನ ಬಡಿಗಿಲೆ ಕೊಂದೆ. ಕೊಂದ ಮ್ಯಾಲೂ ಹಲ್ಲ ಕಡೀತಿತ್ತು."

ಮುರಗೆಪ್ಪ ಜೀಪಿನ ವೇಗ ಹೆಚ್ಚಿಸಿದ.

ಕುರಿದೊಡ್ಡಿಯ ಬಳಿ ದುಂಡವ್ವ ಉಣ್ಣೆ ನೂಲುತ್ತ ಕೂತಿದ್ದಳು. ಮೂವತ್ತರ ಆಚೀಚೆಯ ಹೆಂಗಸು. ಎಡಗೆನ್ನೆಯನ್ನು ಸೆರಗು ಮುಚ್ಚಿತ್ತು. ಅರಿಶಿನದ ಕಲೆ ಬಟ್ಟೆಗೆ ಹತ್ತಿತ್ತು.

"ಏಳ ಯವ್ವಾ, ಲಗೂನ," ಎಂದ ಮುರಗೆಪ್ಪ. ತಂಗಿ ಎಂಬ ಮಾತು ನಾಲಗೆಯ ತುದಿಗೆ ಬಂದು ಹಿಂದಿರುಗಿತ್ತು.

ಅವಳು ಕದಿರನ್ನೂ ಉಣ್ಣೆಯ ಗಂಟನ್ನೂ ಮಡಿಲಿಗೆ ಹಾಕಿಕೊಂಡೇ ಜೀಪು ಹತ್ತಿದಳು. "ಅಲ್ಲೆ ಹದಿನಾಕ ದಿನ ಸುಮ್ನ ಕುಂದ್ರೂದ ಹೆಂಗ್ರಿ ಅಣ್ಣಾ?" ಎಂದಳು.

ಹಳ್ಳಕ್ಕೆ ಮರಳಿ ಬಂದಾಗ ಮಧ್ಯಾಹ್ನ ಇಳಿದಿತ್ತು. ಬೆಳಿಗ್ಗೆ ಪಾದ ಮುಳುಗುವಷ್ಟಿದ್ದ ನೀರು ಈಗ ಮೊಣಕಾಲ ಹತ್ತಿರಕ್ಕೆ ಏರಿತ್ತು. ಪಡುವಣದಲ್ಲಿ ಮಳೆ ಬೀಳುತ್ತಿರುವ ಗುರುತು ಅದು. ಮುರಗೆಪ್ಪ ನೀರಿಗೆ ಜೀಪು ಇಳಿಸಿದ. ನಟ್ಟನಡುವೆ ಗುಂಡಿ. ಮುಂದಿನ ಗಾಲಿ ಧಬಕ್ಕನೆ ಕುಸಿಯಿತು. ಫ್ಯಾನು ನೀರನ್ನು ಬಾಚಿ ಎಂಜಿನ್ನಿನ ಮೇಲೆಲ್ಲ ಎರಚಿತು.

ಒಂದು ಸೀನು. ಎರಡು. ಎಂಜಿನ್ನು ನಿಂತಿತು.

"ಇಳೀರಿ! ನೂಕ್ರಿ!"

ನೂಕಿದರು. ಉಸುಕು ಗಾಲಿಗಳನ್ನು ಬಿಡಲಿಲ್ಲ. ಬೀರದೇವ ಎರಡು ಬಂಡೆ ಹೊತ್ತು ತಂದು ಗಾಲಿಗೆ ಅಡ್ಡ ಕೊಟ್ಟ. ಮುರಗೆಪ್ಪ ಬಾನೆಟ್ ಎತ್ತಿದ. ನಾಲ್ಕು ಸಿಲಿಂಡರಿನ ಎಂಜಿನ್ನು. ಫ್ಯಾನಿನಿಂದ ಸೀಟಿನತ್ತ ಸಾಲಾಗಿ ನಾಲ್ಕು ಪ್ಲಗ್ಗುಗಳು. ಪಕ್ಕದಲ್ಲಿ ಕರಿ ಮುಚ್ಚಳದ ಡಿಸ್ಟ್ರಿಬ್ಯೂಟರು. ಅದರ ನೆತ್ತಿಯ ನಾಲ್ಕು ಮನೆಗಳಿಂದ ಹೊರಟ ನಾಲ್ಕು ತಂತಿಗಳು ಒಂದೊಂದು ಪ್ಲಗ್ಗಿಗೂ ಕಿಡಿ ಒಯ್ಯುತ್ತವೆ. ಎಲ್ಲವೂ ತೊಯ್ದು ತೊಪ್ಪೆಯಾಗಿತ್ತು.

ಅವನು ನಾಲ್ಕನ್ನೂ ಒಮ್ಮೆಗೇ ಕಿತ್ತ. ಮುಚ್ಚಳ ಬಿಚ್ಚಿ, ಪಂಚೆಯ ಒಣ ತುದಿಯಿಂದ ಅದನ್ನು ಒಳಹೊರಗೆ ಒರೆಸಿದ, ತಂತಿಗಳನ್ನೂ ಒರೆಸಿದ. ಒಣಗಿದ ತಂತಿಗಳನ್ನು ಕೈಯಲ್ಲಿ ಹಿಡಿದು ಪ್ಲಗ್ಗುಗಳತ್ತ ಬಾಗಿದವನು ಹಾಗೇ ನಿಂತ. ಯಾವುದು ಎಲ್ಲಿಯದು?

ಲಾರಿ ರಿಪೇರಿ ಕಲಿಸಿದ ಹವಾಲ್ದಾರ ಮೇಸ್ತ್ರಿ ಹೇಳಿದ್ದ: ಒಂದು ತೆಗೆ, ಒಂದು ಹಾಕು, ಎಲ್ಲವನ್ನೂ ಕೂಡಿ ಎಂದೂ ಕೀಳಬೇಡ. ಅದೇ ಮೇಸ್ತ್ರಿ ಬಾಯಿಪಾಠ ಮಾಡಿಸಿದ್ದ: ಏಕ್, ತೀನ್, ಚಾರ್, ದೋ. ಒಂದು, ಮೂರು, ನಾಲ್ಕು, ಎರಡು: ಕಿಡಿ ಹತ್ತುವ ಸರದಿ ಅದು. ಒಂದು, ಎರಡು, ಮೂರು, ನಾಲ್ಕು ಎಂದು ಸಾಲಾಗಿ ಹತ್ತಿದರೆ ಎಂಜಿನ್ನು ತುದಿಯಿಂದ ತುದಿಗೆ ಜೋಲಿ ಹೊಡೆಯುತ್ತದೆ. ಅದಕ್ಕಾಗಿ ಈ ಹಾರು ನಡೆ. ಏಳು ವರ್ಷ ಮುರಗೆಪ್ಪ ಅದನ್ನು ಮಂತ್ರದಂತೆ ಜಪಿಸಿದ್ದ. 'ಏಕ್' ಎಂದರೆ ಯಾವ ತುದಿ ಎಂದು ಕೇಳಿರಲಿಲ್ಲ.

"ಇದು ಒಂದು," ಎಂದು ಸೀಟಿನ ಕಡೆಯ ಪ್ಲಗ್ಗಿನ ಮೇಲೆ ಬೆರಳಿಟ್ಟ.

ಬೀರದೇವ ಇಣುಕಿದ. "ಹಿಂದಿಂದ ಹೆಂಗ ಒಂದನೇದ ಆಗತದ ಅಣ್ಣಾ? ಹಿಂಡಿನ್ಯಾಗ ಮುಂದ ನಡಿಯೂದ ಒಂದನೇದು."

"ನಾಕ ಜೋಡಿ ಎತ್ತು ಹೂಡಿ ರಂಟಿ ಹೊಡದೀಯೇನ? ಕೈಗೆ ಸಮೀಪ ಇದ್ದ ಜೋಡೀನ ಮೊದಲನೇದು. ನಮ್ಮಪ್ಪ ಹಂಗ ಎಣಸ್ತಿದ್ದ, ನಮ್ಮಜ್ಜ ಹಂಗ ಎಣಸ್ತಿದ್ದ. ನೀ ಹೋಗಿ ಕುರಿ ಎಣಸು."

ಬೀರದೇವ ಹಿಂದೆ ಸರಿದ. ಮುಚ್ಚಳದ ಒಂದು ಮನೆಯ ಬಳಿ ಯಾರೋ ಹಿಂದೆ ಅರದಿಂದ ಗೀರು ಹಾಕಿದ್ದರು. ಎಣಿಕೆ ಅಲ್ಲಿಂದ ಶುರು ಎಂಬುದಷ್ಟು ಮುರಗೆಪ್ಪನಿಗೆ ಗೊತ್ತಿತ್ತು. ಗೀರಿನ ಮನೆಯ ತಂತಿಯನ್ನು ಸೀಟಿನ ಕಡೆಯ ಪ್ಲಗ್ಗಿಗೆ ಸಿಕ್ಕಿಸಿದ. ಅಲ್ಲಿಂದ ಏಕ್, ತೀನ್, ಚಾರ್, ದೋ. ಹ್ಯಾಂಡಲ್ ತಿರುವಿದ.

ಫಟ್! ಕಾರ್ಬ್ಯುರೇಟರಿನ ಬಾಯಿಂದ ಬೆಂಕಿಯ ನಾಲಗೆಯೊಂದು ಚಾಚಿ ಒಳಹೋಯಿತು.

ಮತ್ತೆ ತಿರುವಿದ. ಮತ್ತೆ ಫಟ್. ಎಂಜಿನ್ನು ಮುಂದಕ್ಕೆ ಉಸಿರಾಡುವ ಬದಲು ಹಿಂದಕ್ಕೆ ಸೀನುತ್ತಿತ್ತು.

"ಹುಳಿ ತೇಗು," ಎಂದ ಬಾಳಾಸಾಹೇಬ. ಆದರೆ ಅವನ ದನಿಯಲ್ಲಿ ನಗೆ ಸತ್ತಿತ್ತು. ಅವನು ನೀರನ್ನು ನೋಡುತ್ತಿದ್ದ. ನೀರು ಕೆಂಪಾಗಿತ್ತು, ಕಸಕಡ್ಡಿ, ನೊರೆ ತೇಲಿಬರುತ್ತಿದ್ದವು.

ಬೀರದೇವ ದಡಕ್ಕೆ ಓಡಿ ನೆಲಕ್ಕೆ ಕಿವಿಯಿಟ್ಟ. ಧಡಕ್ಕನೆ ಎದ್ದ. "ಹಳ್ಳ ಬರಾಕತ್ತೇದ. ದೂರ ಅದ, ಆದ್ರ ಬರಾಕತ್ತೇದ."

"ಗಾಡಿ ಬಿಟ್ಟ ನಡಿಯೂಣೇನ?" ಎಂದ ಬಾಳಾಸಾಹೇಬ.

"ನಡದ್ರ ನಾಳೆ ಮಧ್ಯಾಹ್ನ," ಎಂದ ಮುರಗೆಪ್ಪ. "ಈಕೀಗೆ ಇವತ್ತ ಬೇಕು."

ಅವನು ಕಣ್ಣು ಮುಚ್ಚಿದ. ಮೇಸ್ತ್ರಿಯ ಮಾತು ಬೇಡ, ಅವನ ಕೈ ನೆನೆಯಬೇಕು. ಮಣಿಪುರದ ಮಳೆ. ಪ್ಲಗ್ಗು ಬಿಚ್ಚಿದ ತೂತಿನ ಮೇಲೆ ಮೇಸ್ತ್ರಿಯ ಹೆಬ್ಬೆರಳು. ಸಿಲಿಂಡರು ಉಸಿರನ್ನು ಕಟ್ಟಿ ಒತ್ತಿದಾಗ ಆ ಹೆಬ್ಬೆರಳು ಹಾರಿತ್ತು. ಕಿಡಿ ಬೇಕಾದದ್ದು ಆಗಲೇ, ಅಲ್ಲೇ.

"ನಾಕೂ ಪ್ಲಗ್ ಬಿಚ್ಚತೀನಿ. ಯಾವ ತೂತು ಉಸರ ಕಟ್ಟಿ ಉಗುಳತದ ಅನ್ನೂದ ಗೊತ್ತಾಗಬೇಕು. ನಾ ಹ್ಯಾಂಡಲ್ ತಿರವಬೇಕು. ನಾಕಕ್ಕೂ ಬೆರಳ ಇಡಾವ್ರ ಯಾರು?"

ಜೀಪಿನಲ್ಲಿ ಕೂತಿದ್ದ ದುಂಡವ್ವ ನೀರಿಗೆ ಇಳಿದಳು. "ಬೆರಳ ಯಾಕ್ರಿ? ಉಣ್ಣಿ ಇಡೋಣು. ಉಗುಳಿದ್ದ ಕಣ್ಣಿಗೆ ಕಾಣಸ್ತದ."

ಮುರಗೆಪ್ಪ ಅವಳನ್ನು ನೋಡಿದ. "ಒಳಗ ಎಳಕೊಂಡ್ರ?"

"ಅಡ್ಡ ಕಡ್ಡಿ ಕಟ್ಟತೀನಿ."

ಮಡಿಲಿನ ಗಂಟಿನಿಂದ ಉಣ್ಣೆ ಹಿರಿದು, ತೇಲಿಬಂದ ಕಡ್ಡಿಗಳನ್ನು ಮುರಿದು, ಅವಳು ನಾಲ್ಕು ಬಿರಡೆ ಸುತ್ತಿದಳು. ಆ ಬೆರಳುಗಳಿಗೆ ಅವಸರವೂ ಇರಲಿಲ್ಲ, ತಡವೂ ಇರಲಿಲ್ಲ. ನಾಲ್ಕು ತೂತುಗಳ ಬಾಯಲ್ಲಿ ನಾಲ್ಕು ಬಿಳಿ ಕುಚ್ಚುಗಳು ಕೂತವು. ಮುಚ್ಚಳ ತೆಗೆದ ಡಿಸ್ಟ್ರಿಬ್ಯೂಟರಿನೊಳಗೆ ಕಿಡಿ ಹಂಚುವ ಮುಳ್ಳು ತಿರುಗುತ್ತದೆ. ಬುಡದಲ್ಲಿ ಮುಚ್ಚಳದ ಗೀರಿನ ನೇರಕ್ಕೇ ಇನ್ನೊಂದು ಗೀರಿತ್ತು.

"ಬಾಳಾಸಾಹೇಬ್ರ, ಮುಳ್ಳು ಗೀರಿಗೆ ಬಂದ ಕೂಡ್ಲೆ ಕೂಗ್ರಿ. ಯವ್ವಾ, ನೀ ಉಣ್ಣಿ ನೋಡು."

ಮೊಣಕಾಲು ಮೀರಿದ ನೀರಿನಲ್ಲಿ ಬಗ್ಗಿ ಅವನು ಹ್ಯಾಂಡಲ್ ಎಳೆದ. ನೊರೆ ಎದೆಗೆ ಬಡಿಯಿತು.

ಪುಸ್. ಒಂದು ಕುಚ್ಚು ಹಾರಿತು. "ಫ್ಯಾನಿಂದ ಎರಡನೇದು!" ಎಂದಳು ದುಂಡವ್ವ.

"ಮುಳ್ಳು ಇನ್ನೂ ಬಂದಿಲ್ಲ. ತಿರವ್ರಿ!" ಎಂದ ಬಾಳಾಸಾಹೇಬ.

ಅರ್ಧ ಸುತ್ತು. ಪುಸ್.

"ಗೀರು! ಗೀರಿಗೆ ಬಂತು!" ಎಂದು ಬಾಳಾಸಾಹೇಬ ಕೂಗಿದ.

"ಫ್ಯಾನಿನ ಕಡೇದು ಹಾರಿತ್ರಿ ಅಣ್ಣಾ! ಎಲ್ಲಾಕ್ಕೂ ಮುಂದಿಂದು!"

ಸೀಟಿನ ಕಡೆಯ ಕುಚ್ಚು ನಡುಗಿತಷ್ಟೇ. ಆ ಸಿಲಿಂಡರು ಆಗ ಬರೀ ಹೊಗೆ ಹೊರದೂಡುವ ಸರದಿಯಲ್ಲಿತ್ತು. ಅಲ್ಲಿಗೇ ಅವನು ಇಷ್ಟು ಹೊತ್ತು ಕಿಡಿ ಕಳಿಸುತ್ತಿದ್ದ.

ಮುರಗೆಪ್ಪ ಇನ್ನೂ ಎರಡು ಬಾರಿ ತಿರುವಿದ. ಮೂರನೆಯದು ಹಾರಿತು, ಆಮೇಲೆ ಕಡೆಯದು. ಫ್ಯಾನಿನಿಂದ ಎಣಿಸಿದರೆ ಏಕ್, ತೀನ್, ಚಾರ್, ದೋ. ಸೀಟಿನಿಂದ ಎಣಿಸಿದರೂ ಸರದಿ ಅದೇ! ಸಾಲು ಕೆಟ್ಟಿರಲಿಲ್ಲ, ಆರಂಭ ಕೆಟ್ಟಿತ್ತು. ಸರಿಯಾದ ಮಂತ್ರವನ್ನು ತಪ್ಪು ತುದಿಯಿಂದ ಹೇಳಿದ್ದ. ಒಂದಿದ್ದಲ್ಲಿ ನಾಲ್ಕು, ಮೂರಿದ್ದಲ್ಲಿ ಎರಡು. ಪ್ರತಿ ತಂತಿಯೂ ಎದುರಿನ ಮನೆಗೆ ಹೋಗಬೇಕು, ಅಷ್ಟೇ.

"ಕುರಿ ಎಣಿಕೀನ ಖರೆ, ಬೀರದೇವ," ಎಂದ ಅವನು, ಪ್ಲಗ್ಗು ಬಿಗಿಯುತ್ತ. "ಬೈದದ್ದ ಮನಸ್ನ್ಯಾಗ ಇಟಗೋಬ್ಯಾಡ."

"ಅಣ್ಣಾ, ಮಾತ ಆಮ್ಯಾಲ! ನೋಡ್ರಿ ಅಲ್ಲೆ!" ಎಂದ ಬೀರದೇವ.

ತಿರುವಿನಾಚೆ ಜಾಲಿಯ ಗಿಡವೊಂದು ಬುಡಸಮೇತ ಎದ್ದು ನಿಂತು, ವಾಲಿ, ಬರತೊಡಗಿತ್ತು. ಅದರ ಹಿಂದೆ, ಇದ್ದ ನೀರಿನ ಮೇಲೆ ಇನ್ನೂ ಮೊಣಕಾಲೆತ್ತರದ ಕೆಂಪು ನೀರಿನ ಗೋಡೆ.

ಮುಚ್ಚಳ ಕೂತಿತು. ತಂತಿಗಳು ಎದುರುಬದುರಾದವು. ಹ್ಯಾಂಡಲ್ ಒಂದು ಸಲ, ಇಲ್ಲ. ಇನ್ನೊಂದು ಸಲ.

ಎಂಜಿನ್ನು ಒಮ್ಮೆ ಗಂಟಲು ಸರಿಪಡಿಸಿಕೊಂಡು, ಹಿಡಿಯಿತು.

"ಹತ್ರಿ! ನೂಕ್ರಿ! ಹತ್ರಿ!"

ಯಾರು ನೂಕಿದರು, ಯಾರು ಹತ್ತಿದರು ಎಂದು ಆಮೇಲೆ ಯಾರಿಗೂ ನೆನಪಿರಲಿಲ್ಲ. ನಾಲ್ಕು ಗಾಲಿಗಳೂ ಉಸುಕು ಕಚ್ಚಿದವು. ಜೀಪು ದಡದ ಏರಿಗೆ ಮೂಗು ಎತ್ತಿತು, ಜಾರಿತು, ಮತ್ತೆ ಎತ್ತಿತು. ಬೀರದೇವನ ಒಂದು ಕಾಲು ಇನ್ನೂ ಹೊರಗಿತ್ತು. ಬಾಳಾಸಾಹೇಬ ಅವನ ಕಂಬಳಿ ಹಿಡಿದು ಒಳಗೆಳೆದ. ಮೇಲೆ ಬಂದು ಹಿಂದಿರುಗಿ ನೋಡಿದಾಗ ಅವರು ನಿಂತಿದ್ದ ಜಾಗದಲ್ಲಿ ಆ ಜಾಲಿಗಿಡ ಗಿರ್ರನೆ ಸುತ್ತುತ್ತಿತ್ತು. ಉಣ್ಣೆಯ ಕುಚ್ಚುಗಳು ಎಲ್ಲಿ ಹೋದವೋ.

ಮುಂದೆ ಮಳೆ. ತೆರೆದ ಜೀಪಿನ ಮೇಲೆ ಓರೆಯಾಗಿ, ಬಿಡುವಿಲ್ಲದೆ. ಕಂಬಳಿಯನ್ನು ದುಂಡವ್ವನಿಗೆ ಹೊದಿಸಿ ಮೂವರೂ ನೆನೆದರು. ಮುರಗೆಪ್ಪ ಎಂಜಿನ್ನಿನ ದನಿಯನ್ನು ಕೇಳುತ್ತ ನಡೆಸಿದ. ಇಷ್ಟು ವರ್ಷ ಗದ್ದಲವಾಗಿದ್ದದ್ದು ಈಗ ನಾಲ್ಕು ಬೇರೆ ಬೇರೆ ಉಸಿರಾಗಿ ಕೇಳುತ್ತಿತ್ತು. ಒಂದು ಕಟ್ಟಿದಾಗ ಒಂದು ಬಿಡುತ್ತಿತ್ತು. ಗುರವ್ವನ ಸುದ್ದಿಯ ಕಾಗದ ತಲುಪಲು ಹನ್ನೊಂದು ದಿನ ಹಿಡಿದಿತ್ತು. ಆ ಲೆಕ್ಕದಲ್ಲಿಯೂ ಯಾವ ತುದಿಯಿಂದ ಎಣಿಸಿದರೆ ಅವಳು ಉಳಿಯುತ್ತಿದ್ದಳು ಎಂದು ಅವನು ಬಹಳ ಸಲ ಎಣಿಸಿ ನೋಡಿದ್ದ.

ದವಾಖಾನೆಯ ಕಟ್ಟೆಯ ಮೇಲೆ ಕಂದೀಲು ಹಚ್ಚುತ್ತಿದ್ದಾಗ ಜೀಪು ಬಂದು ನಿಂತಿತು. ಡಾಕ್ಟರು ಗಡಿಯಾರ ನೋಡಲಿಲ್ಲ. ಸೂಜಿ ಕುದಿಸಲು ಒಳಗೆ ಹೋದರು.

ಮೊದಲ ಸೂಜಿಯಾಗಿ ಹೊರಬಂದ ದುಂಡವ್ವ ಕಂಬಕ್ಕೆ ಒರಗಿ ಕೂತಳು. ಬೀರದೇವ ಅವಳ ಕಾಲ ಬಳಿ ಕೂತು ಕಂಬಳಿ ಹಿಂಡುತ್ತಿದ್ದ. ಡಾಕ್ಟರು ಮುರಗೆಪ್ಪನನ್ನು ಬದಿಗೆ ಕರೆದು, ತಡವಾಗಿದೆ, ಏನನ್ನೂ ಹೇಳಲಾಗದು, ಹದಿಮೂರು ಉಳಿದಿವೆ ಎಂದರು. ಅವನು ತಲೆಯಾಡಿಸಿದ. ಸುಣ್ಣದ ಡಬ್ಬಿ ತೆಗೆದು, ಬಾನೆಟ್ ಎತ್ತಿ, ಫ್ಯಾನಿನ ಪಕ್ಕದ ಪ್ಲಗ್ಗಿನ ಬುಡಕ್ಕೆ ಒಂದು ಬಿಳಿ ಬೊಟ್ಟು ಇಟ್ಟ.

"ಯಣ್ಣಾ," ಎಂದಳು ದುಂಡವ್ವ. "ನೀರಡಿಕಿ ಆಗೇದ್ರಿ."

ಮುರಗೆಪ್ಪ ಬಾನೆಟ್ ಮುಚ್ಚಿದ. ಹಂಡೆಯಿಂದ ಹಿತ್ತಾಳೆಯ ಬಟ್ಟಲು ತುಂಬಿ, ಎರಡೂ ಕೈಯಿಂದ ಹಿಡಿದು ಅವಳ ಮುಂದೆ ಹೋದ. ಕಂದೀಲಿನ ಬೆಳಕು ನೀರಿನ ಮೇಲೆ ಅಲುಗಿತು. ಅವನು ಬಟ್ಟಲನ್ನು ನೋಡಲಿಲ್ಲ. ಅವಳ ಕಣ್ಣನ್ನು ನೋಡಿದ.

ಅವಳು ಬಟ್ಟಲು ತೆಗೆದುಕೊಂಡಳು. ಕಚ್ಚಿದ ಕೆನ್ನೆ ನೋಯದಂತೆ ಒಂದು ಬದಿಯಿಂದ, ನಿಧಾನವಾಗಿ, ತಳ ಕಾಣುವವರೆಗೆ ಕುಡಿದಳು. ಸೆರಗಿನಿಂದ ಬಾಯೊರೆಸಿಕೊಂಡು ಬಟ್ಟಲನ್ನು ಮತ್ತೆ ಚಾಚಿದಳು.

"ಇನ್ನೊಂದ ಬಟ್ಟಲ ಕೊಡ್ರಿ."

"ತರತೀನಿ, ತಂಗಿ," ಎಂದ ಮುರಗೆಪ್ಪ.