ದಾಹದ ಗಂಟು

"ಅದನ್ನ ಮುಟ್ಟಬೇಡಿ ಮೇಡಂ," ಎಂದ ಗೈಡ್. ಅಷ್ಟು ಹೊತ್ತು ಹಾಳೂರಿನ ಚರಿತ್ರೆಯನ್ನು ಗಿಳಿಪಾಠದಂತೆ ಒಪ್ಪಿಸುತ್ತಿದ್ದವನ ದನಿ ಒಮ್ಮೆಲೇ ಇಳಿದುಹೋಗಿತ್ತು. "ನೋಡಿ, ಫೋಟೋ ತೆಗೀರಿ. ಮುಟ್ಟೋದು ಮಾತ್ರ ಬೇಡ."

ಮುರಿದ ಕಂಬಗಳು, ಸೂರಿಲ್ಲದ ಗೋಡೆಗಳು, ಹತ್ತಿದರೆ ಎಲ್ಲಿಗೂ ತಲುಪದ ಮೆಟ್ಟಿಲುಗಳು. ಅವುಗಳ ನಡುವೆ ಬತ್ತಿಹೋದ ಒಂದು ಕೊಳ. ತಳದ ಕೆಸರು ಒಣಗಿ, ಬಿರುಕುಬಿಟ್ಟು, ಒಡೆದ ಹೆಂಚಿನ ರಾಶಿಯಂತೆ ಬಿದ್ದಿತ್ತು. ಕೊಳದ ಕಟ್ಟೆಯುದ್ದಕ್ಕೂ ತುಕ್ಕುಹಿಡಿದ ಕಬ್ಬಿಣದ ಬಳೆಗಳು; ಬಳೆಬಳೆಗೂ ದಾರಗಳು. ಕೆಲವು ಬಿಸಿಲುಮಳೆಗೆ ಬೂದಿಬಣ್ಣಕ್ಕೆ ತಿರುಗಿದ್ದವು, ಕೆಲವು ಮೊನ್ನೆ ಮೊನ್ನೆ ಕಟ್ಟಿದಂತಿದ್ದವು. ಒಂದೊಂದರಲ್ಲೂ ಒಂದೊಂದು ಬಿಗಿಯಾದ ಗಂಟು. ಗಾಳಿ ರೊಯ್ಯನೆ ಬೀಸುತ್ತಿದ್ದರೂ ಒಂದು ದಾರವೂ ಅಲುಗುತ್ತಿರಲಿಲ್ಲ.

"ಏನಿದು, ಹಗ್ಗದ ಅಂಗಡಿನಾ?" ಎಂದಳು ಕೋಚ್.

ಅವಳನ್ನು ಎಲ್ಲರೂ ಕರೆಯುವುದೇ ಹಾಗೆ. ಈಜುಕೊಳದ ದಡದಲ್ಲಿ ಸೀಟಿ ಊದುತ್ತ ಊರಮಕ್ಕಳಿಗೆಲ್ಲ ಈಜು ಕಲಿಸಿದವಳು. ಅಗಲವಾದ ಹೆಗಲು, ಗಡುಸು ದನಿ, ತನ್ನ ಉಸಿರು ಮತ್ತು ತೋಳುಗಳ ಮೇಲೆ ಬಿಟ್ಟರೆ ಬೇರೆ ಯಾವುದರ ಮೇಲೂ ನಂಬಿಕೆಯಿಲ್ಲ. ಬೆಳಗ್ಗೆ ಹಾಳೂರು, ಮಧ್ಯಾಹ್ನ ಕಡಲಲ್ಲಿ ಈಜು, ಸಂಜೆ ಬಂದರುಪಟ್ಟಣದಲ್ಲಿ ಖರೀದಿ ಎಂಬ ಒಂದು ದಿನದ ಪ್ರವಾಸಕ್ಕೆ ಗಂಡ, ಮಗಳೊಡನೆ ಬಂದಿದ್ದಳು. ಮಗಳಿಗೆ ಆರು ವರ್ಷ. ನಿಂತಲ್ಲಿ ನಿಲ್ಲದ್ದರಿಂದ ಮನೆಯಲ್ಲಿ ಅವಳ ಹೆಸರು ಬುಗುರಿ. ಜೊತೆಗೆ ಅತ್ತೆಯೂ ಇದ್ದರು. ಅವರನ್ನು ಕರೆತರುವುದು ಕೋಚ್‌ಗೆ ಸುತರಾಂ ಇಷ್ಟವಿರಲಿಲ್ಲ. "ಅಮ್ಮ ಒಬ್ಬಳೇ ಮನೇಲಿ ಏನು ಮಾಡ್ತಾಳೆ" ಎಂದು ಗಂಡ ರಾಗ ಎಳೆದಿದ್ದ. ಬಸ್ಸು ಹತ್ತಿದಾಗಿನಿಂದ ಅತ್ತೆಯ ಕಾಲುನೋವಿನ ಪುರಾಣ ಕೇಳಿ ಕೇಳಿ ಅವಳ ಕಿವಿ ತೂತು ಬಿದ್ದಿತ್ತು.

"ಇವು ಮೈಯಿಂದ ಇಳಿಸಿದ ಕಾಟಗಳು," ಎಂದ ಗೈಡ್. "ಔಷಧಿಗೆ ಬಗ್ಗದ್ದನ್ನ ಮಂತ್ರ ಹಾಕಿ ದಾರಕ್ಕೆ ಇಳಿಸ್ತಾರೆ. ಗಂಟು ಬಿಗಿದು ಇಲ್ಲಿ ಕಟ್ಟಿ ಹೋಗ್ತಾರೆ. ಬಿಚ್ಚಿದವರಿಗೆ ಹತ್ತುತ್ತೆ."

"ಹಾಗಾದ್ರೆ ಡಾಕ್ಟರುಗಳೆಲ್ಲ ಅಂಗಡಿ ಮುಚ್ಚಿಕೊಂಡು ಹಗ್ಗ ಮಾರಬಹುದು."

ಪ್ರವಾಸಿಗರು ಗೊಳ್ಳೆಂದು ನಕ್ಕರು. ಅತ್ತೆ ಮಾತ್ರ ಅವಳ ತೋಳು ಹಿಡಿದೆಳೆದರು. "ಬಾರೇ ಈಚೆಗೆ. ಬೇರೆಯವರ ಉಸಾಬರಿ ನಮಗ್ಯಾಕೆ?"

ಅತ್ತೆ ಬೇಡ ಎಂದದ್ದೇ ಸಾಕಾಯಿತು. ಬೆಳಗ್ಗೆಯೇ ರಬ್ಬರ್ ಬ್ಯಾಂಡ್ ಕಿತ್ತುಹೋಗಿ ಅವಳ ಕೂದಲು ಮುಖಕ್ಕೆಲ್ಲ ರಾಚುತ್ತಿತ್ತು. ಕೋಚ್ ಒಂದು ಕೆಂಪು ದಾರವನ್ನು ಬಳೆಯಿಂದ ಕಿತ್ತಳು. ಗಂಟು ಕಲ್ಲಿನಂತಿತ್ತು. ಉಗುರಿಗೆ ಬಗ್ಗಲಿಲ್ಲ. ಹಲ್ಲಿನಲ್ಲಿ ಕಚ್ಚಿ ಜಗ್ಗಿದಳು. ನಾಲಿಗೆಗೆ ಉಪ್ಪು, ತುಕ್ಕು, ಹಳೆಯ ಬೆವರಿನ ರುಚಿ ಹತ್ತಿತು. ಗಂಟು ಸಡಿಲಾದಾಗ ಸಣ್ಣದೊಂದು ಸದ್ದು ಕೇಳಿಸಿತು. ಕಿವಿಯ ಪಕ್ಕದಲ್ಲೇ ಯಾರೋ ಒಣಗಂಟಲಲ್ಲಿ ಎಂಜಲು ನುಂಗಿದಂಥ ಸದ್ದು.

"ನೋಡಿ, ಕಾಟ ಕಟ್ಟಿಕೊಂಡೆ," ಎಂದು ದಾರದಿಂದ ಜುಟ್ಟು ಬಿಗಿದು ಎಲ್ಲರಿಗೂ ತಲೆ ತಿರುಗಿಸಿ ತೋರಿಸಿದಳು.

ಗೈಡ್ ಅವಳಿಂದ ನಾಲ್ಕು ಹೆಜ್ಜೆ ದೂರ ಸರಿದು ನಿಂತ.

ಬಸ್ಸಿನಲ್ಲಿ ಅವಳು ತನ್ನ ಬಾಟಲಿ ಖಾಲಿ ಮಾಡಿದಳು. ಆಮೇಲೆ ಗಂಡನದು. ಆಮೇಲೆ ಮಗಳದು. "ಬಿಸಿಲು" ಎಂದಳು. ನೀರು ಗಂಟಲಲ್ಲಿ ಇಳಿಯುತ್ತಿತ್ತು, ಆದರೆ ಎಲ್ಲಿಗೂ ತಲುಪುತ್ತಿರಲಿಲ್ಲ. ಕಾದ ಮರಳಿಗೆ ಸುರಿದಂತೆ ನಡುದಾರಿಯಲ್ಲೇ ಇಂಗಿಹೋಗುತ್ತಿತ್ತು. ನಾಲಿಗೆ ದಪ್ಪಗಾಗಿ ಅಂಗುಳಿಗೆ ಅಂಟುತ್ತಿತ್ತು. ಪಕ್ಕದಲ್ಲಿ ಮಗಳು ಹಾಡುತ್ತಿದ್ದಳು. ಕೋಚ್‌ಗೆ ಕೇಳಿಸುತ್ತಿದ್ದುದು ಡ್ರೈವರ್ ಬದಿಯ ಕ್ಯಾನಿನಲ್ಲಿ ನೀರು ತುಳುಕುವ ಸದ್ದು ಮಾತ್ರ.

ಕಡಲು ಕಂಡೊಡನೆ ಜೀವ ಬಂದಂತಾಯಿತು. ಈಜಿದರೆ ಎಲ್ಲ ಸರಿಹೋಗುತ್ತದೆ. ಅವಳ ಬದುಕಿನಲ್ಲಿ ಈಜಿದರೆ ಸರಿಹೋಗದ್ದು ಯಾವುದೂ ಇರಲಿಲ್ಲ. ಅಲೆಗಳನ್ನು ಸೀಳಿಕೊಂಡು ಎಲ್ಲರಿಗಿಂತ ದೂರ ಹೋದಳು. ದಡದ ಗದ್ದಲ ಅಡಗಿತು. ನೀರು ತಣ್ಣಗೆ ಮೈಯನ್ನು ಸುತ್ತಿಕೊಂಡಿತು.

ಆಗ ಅವಳ ಬಾಯಿ ತೆರೆದುಕೊಂಡಿತು.

ಅವಳು ತೆರೆದದ್ದಲ್ಲ. ದವಡೆ ತಾನಾಗಿ ಕೆಳಗಿಳಿಯಿತು. ಕಡಲು ಒಳನುಗ್ಗಿತು. ನುಂಗಿದಳು. ಉಪ್ಪು ಗಂಟಲನ್ನು ಕೊರೆಯಿತು. ಮತ್ತೆ ನುಂಗಿದಳು. ಮಕ್ಕಳಿಗೆ ಮೊದಲ ದಿನ ಕಲಿಸುವ ಪಾಠವೇ ನೀರಲ್ಲಿ ಬಾಯಿ ಮುಚ್ಚುವುದು. ಮುಚ್ಚಲು ನೋಡಿದಳು. ಆಗಲಿಲ್ಲ. ಕೈಯಿಂದ ದವಡೆಯನ್ನು ಮೇಲೊತ್ತಿದಳು. ತೋಳು ನಿಂತದ್ದೇ ಮುಳುಗಿದಳು. ಕೆಳಗೆ ಕತ್ತಲು. ಕತ್ತಲಲ್ಲೂ ಕುಡಿಯುತ್ತಿದ್ದಳು. ಗಟಗಟ. ಗಟಗಟ. ಇಡೀ ಕಡಲನ್ನು ಹೀರಿದರೂ ಸಾಲದು ಎನ್ನಿಸಿತು.

ಕಾವಲು ದೋಣಿಯವರು ಜುಟ್ಟು ಹಿಡಿದು ಎಳೆದು ಹಾಕಿದರು. ಮರಳ ಮೇಲೆ ಬೋರಲಾಗಿಸಿ ಗಂಡ ಬೆನ್ನೊತ್ತಿದ. ಅವಳ ಬಾಯಿಂದ ಒಂದು ಹನಿ ನೀರೂ ಬರಲಿಲ್ಲ. ಬಂದದ್ದು ಧೂಳು. ಬೂದುಬಣ್ಣದ ಒಣಕೆಸರಿನ ಧೂಳು. ಬತ್ತಿದ ಕೊಳದ ವಾಸನೆ ಗಪ್ಪೆಂದು ಹಬ್ಬಿತು. ಗಂಡ ಕೈ ಹಿಂದೆಗೆದುಕೊಂಡ.

"ಮರಳು ತಿಂದಿದಾಳೆ ಕಣಮ್ಮ, ಅಷ್ಟೇ," ಎಂದು ತಾಯಿಗೆ ಹೇಳಿದ.

ಅಳಬೇಕೆಂದರೆ ಕಣ್ಣಲ್ಲಿ ನೀರಿರಲಿಲ್ಲ. ರೆಪ್ಪೆ ಮುಚ್ಚಿದರೆ ಉಜ್ಜುಕಾಗದ ತಿಕ್ಕಿದಂತಾಗುತ್ತಿತ್ತು. ಗೈಡ್ ಅವಳ ಮುಖ ನೋಡಿದ. "ಪಟ್ಟಣದಲ್ಲಿ ಪರಿಚಯದ ಡಾಕ್ಟರಿದಾರೆ ಸರ್. ನಾನು ಕರ್ಕೊಂಡು ಹೋಗ್ತೀನಿ. ನೀವು ಮಗು ನೋಡ್ಕೊಳ್ಳಿ."

ಡಾಕ್ಟರಿದ್ದಾರೆ ಎಂದದ್ದು ಸುಳ್ಳು. ಬಂದರುಪಟ್ಟಣದ ಇಕ್ಕಟ್ಟು ಬೀದಿಯಲ್ಲಿ ಟೋಪಿ, ಟವೆಲು, ಚಿಪ್ಪಿನ ಸರಗಳ ಅಂಗಡಿಗಳ ನಡುವೆ ಅವನು ಅವಳನ್ನು ನಡೆಸಿಕೊಂಡು ಹೊರಟ. ಡಾಂಬರು, ಕರಿದ ಎಣ್ಣೆ, ಮೀನಿನ ನಾತ. ಒಂದು ಮೀನಂಗಡಿಯ ಮುಂದೆ ಅವಳ ಕಾಲು ನಿಂತಿತು. ಮರದ ಪೆಟ್ಟಿಗೆಯಲ್ಲಿ ಸತ್ತ ಮೀನುಗಳ ಕೆಳಗೆ ಮಂಜುಗಡ್ಡೆ ಹೊಳೆಯುತ್ತಿತ್ತು. ಎರಡೂ ಕೈಯಲ್ಲಿ ಬಾಚಿಕೊಂಡು ಬಾಯಿಗೆ ತುರುಕಿದಳು. ರಕ್ತ, ಪೊರೆ, ಕರುಳಿನ ಚೂರು ಯಾವುದನ್ನೂ ಲೆಕ್ಕಿಸಲಿಲ್ಲ. ಕಟಕಟ ಕಡಿದು ನುಂಗಿದಳು. ಅಂಗಡಿಯವನು ಬೈಯಲು ಬಾಯಿ ತೆರೆದವನು ಅವಳ ಕಣ್ಣು ಕಂಡು ಹಿಂದೆ ಸರಿದ. ಕೈಗಳ ಚರ್ಮ ಗೆಣ್ಣುಗಳಲ್ಲಿ ಸೀಳಿತ್ತು. ಸೀಳಿನಲ್ಲಿ ರಕ್ತವಿರಲಿಲ್ಲ.

ಚಿಪ್ಪಿನ ಸರದ ಅಂಗಡಿಯೊಂದರ ಹಿಂದಿನ ಕೋಣೆ. ಕಿಟಕಿಯಿಲ್ಲ. ಸುಟ್ಟ ಕೂದಲಿನ ಕಮಟು. ಮೂಗಿನ ತುದಿಗೆ ಕನ್ನಡಕ ಇಳಿಸಿಕೊಂಡ ಹೆಂಗಸೊಬ್ಬಳು ಬಲೆ ಹೆಣೆಯುತ್ತಿದ್ದಳು.

"ಅಕ್ಕ, ಒಂದು ಬಿಚ್ಚಿಕೊಂಡಿದಾರೆ," ಎಂದು ಹೇಳಿ ಗೈಡ್ ಹೊರಗೇ ನಿಂತ.

ಹೆಂಗಸು ಕೋಚ್‌ನ ಜುಟ್ಟಿನಿಂದ ದಾರ ಬಿಡಿಸಿ, ಬೆರಳಲ್ಲಿ ತಿಕ್ಕಿ ಮೂಸಿದಳು. "ಓ, ದೋಣಿಯವನದ್ದು. ನಾನೇ ಕಟ್ಟಿದ್ದು. ದಾರಿ ತಪ್ಪಿ ಎಷ್ಟೋ ದಿನ ಕುಡಿಯೋ ನೀರಿಲ್ಲದೆ ಕಡಲಲ್ಲೇ ಉಳಿದುಬಿಟ್ಟಿದ್ದ. ದಡಕ್ಕೆ ಬಂದರೂ ದಾಹ ಅವನನ್ನ ಬಿಡಲಿಲ್ಲ."

"ತೆಗೀರಿ." ಕೋಚ್‌ನ ದನಿ ಒಣಗಿದ ಎಲೆ ಮುರಿದಂತೆ ಹೊರಟಿತು. "ಮತ್ತೆ ಗಂಟು ಹಾಕಿ."

"ಒಂದು ಸಲ ಬಿಚ್ಚಿದ್ದನ್ನ ಮತ್ತೆ ಕಟ್ಟೋಕಾಗಲ್ಲ. ದಾಟಿಸಬಹುದು, ಅಷ್ಟೇ. ಯಾರ ಮೈಮೇಲಿದೆಯೋ ಅವರೇ ಕೈಯಾರೆ ಕೊಡಬೇಕು. ಯಾರು ಖುಷಿಯಿಂದ ಕಟ್ಟಿಕೊಳ್ತಾರೋ ಅವರಿಗೆ ಹೋಗುತ್ತೆ. ಗೊತ್ತಿದ್ದೂ ಕಟ್ಟಿಕೊಂಡರೆ ಹತ್ತಲ್ಲ. ಬಿಟ್ಟ ಮೈಗೆ ತಿರುಗಿ ಬರಲ್ಲ."

"ಕೊಡದಿದ್ರೆ?"

"ಹೊತ್ತು ಮುಳುಗಿದ ಮೇಲೆ ನೀರು ಗಂಟಲೊಳಗೆ ಇಳಿಯೋದೇ ಇಲ್ಲ."

ಹೆಂಗಸು ದಾರವನ್ನು ಗುರುತು ಸಿಗದಂತೆ ಹೊಸೆದು, ಡಬ್ಬಿಯಿಂದ ಒಂದು ಬಿಳಿ ಚಿಪ್ಪು ಹುಡುಕಿ ಅದಕ್ಕೆ ಪೋಣಿಸಿಕೊಟ್ಟಳು. "ನೋಡೋಕೆ ಚೆಂದ ಇರಬೇಕಲ್ಲ. ಇಲ್ಲಾಂದ್ರೆ ಯಾರು ಕಟ್ಟಿಕೊಳ್ತಾರೆ?"

ಬೀದಿಗೆ ಬಂದಾಗ ಸೂರ್ಯ ಹಾಯಿಗಂಬಗಳ ಮಟ್ಟಕ್ಕೆ ಇಳಿದಿದ್ದ. ಎದುರಿಗೆ ಬಂದವರನ್ನೆಲ್ಲ ಕೋಚ್ ನೋಡಿದಳು. ಅಪರಿಚಿತರಿಗೆ ಕೊಟ್ಟರೆ ಕಟ್ಟಿಕೊಳ್ಳುತ್ತಾರೆಯೇ? ಜೇಬಿಗೆ ಹಾಕಿಕೊಂಡು ಹೋಗಿಬಿಟ್ಟರೆ? ಗಂಡನಿಗೆ ಕೊಡಲು ಮನಸ್ಸು ಬರಲಿಲ್ಲ.

ಬಸ್ಸು ನಿಂತಿದ್ದ ಬಯಲಿನ ಅಂಚಿನ ಬೆಂಚಿನ ಮೇಲೆ ಅತ್ತೆ ಒಬ್ಬರೇ ಕೂತಿದ್ದರು. ಸುತ್ತ ಖರೀದಿಯ ಚೀಲಗಳು. ಚಪ್ಪಲಿ ಬಿಟ್ಟು ಪಾದ ನೀವಿಕೊಳ್ಳುತ್ತಿದ್ದರು.

ಬದುಕಿ ಮುಗಿಸಿದವಳು, ಎಂದುಕೊಂಡಳು ಕೋಚ್. ಇನ್ನೆಷ್ಟು ದಿನ ಇದ್ದಾಳು? ಅಷ್ಟು ಎಂದುಕೊಂಡ ಮೇಲೆ ಕಾಲು ತಾನಾಗಿ ನಡೆಯಿತು.

"ಅತ್ತೆ, ಇದು ನಿಮಗೆ ಅಂತ ತಂದೆ."

ಅತ್ತೆ ಚಿಪ್ಪನ್ನು ನೋಡಿದರು, ಸೊಸೆಯನ್ನು ನೋಡಿದರು. "ನನಗಾ?" ಅವರ ಗಲ್ಲ ಅದುರಿತು. "ಇಷ್ಟು ವರ್ಷಕ್ಕೆ ನೀನಾಗಿ ನನಗೊಂದು ತಂದುಕೊಟ್ಟಿದ್ದು ಇದೇ ಮೊದಲು ಕಣೇ. ಮೈ ಹುಷಾರಿಲ್ಲದಾಗ ಇದೆಲ್ಲ ಯಾಕೆ ಬೇಕಿತ್ತು ನಿನಗೆ?"

"ಕಟ್ಟಿಕೊಳ್ಳಿ. ಈಗಲೇ."

"ತಾಳೇ, ನನ್ನ ಮಗನಿಗೆ ಒಂದು ಸಲ ತೋರಿಸಿಬಿಡ್ತೀನಿ. ನನ್ನ ಸೊಸೆಗೆ ನನ್ನ ಕಂಡ್ರೆ ಆಗಲ್ಲ ಅಂತಿದ್ದನಲ್ಲ." ಮುದುಕಿ ಕಾಲುನೋವು ಮರೆತು ಬಸ್ಸಿನ ಆಚೆ ಬದಿಗೆ ಬಿರಬಿರನೆ ನಡೆದರು.

ಹಿಂದೆ ಹೋಗಲು ಕೋಚ್‌ಗೆ ಶಕ್ತಿಯಿರಲಿಲ್ಲ. ಬೆಂಚಿಗೆ ಒರಗಿದಳು. ಉಸಿರು ಎಳೆದರೆ ಎದೆಯಲ್ಲಿ ಧೂಳು ಕರಕರ ಎನ್ನುತ್ತಿತ್ತು. ಸೂರ್ಯ ಇಳಿಯುತ್ತಿದ್ದ. ಕಟ್ಟಿಕೋ. ಕಟ್ಟಿಕೋ ಮುದುಕಿ. ಕಟ್ಟಿಕೋ.

ಒಮ್ಮೆಲೇ ನಾಲಿಗೆಯಡಿ ತೇವ ಜಿನುಗಿತು. ಬಾಯಿ ತುಂಬ ಎಂಜಲು ಬಂತು. ಕಣ್ಣು ತುಂಬಿ ಕೆನ್ನೆಯ ಮೇಲೆ ಹರಿಯಿತು. ಬಯಲಿನ ನಲ್ಲಿಗೆ ಓಡಿ ಬೊಗಸೆಯೊಡ್ಡಿದಳು. ನೀರು ಸಿಹಿಯಾಗಿತ್ತು. ಹೊಟ್ಟೆಯವರೆಗೆ ತಣ್ಣಗೆ ಇಳಿಯಿತು. ಕುಡಿಯುತ್ತಲೇ ನಕ್ಕಳು. ಅತ್ತೆಯ ನೆನಪಾಗಿ ಪಾಪ ಎನ್ನಿಸಿತು. ಆ ಮರುಕವೂ ಹಿತವಾಗಿಯೇ ಇತ್ತು. ಮುಖ ತೊಳೆದು, ಒರೆಸಿಕೊಂಡು, ನಿಧಾನವಾಗಿ ಬಸ್ಸಿನ ಆಚೆ ಬದಿಗೆ ಹೋದಳು.

ಅತ್ತೆ ಗೋಡೆಗೆ ಒರಗಿ ಚೆನ್ನಾಗಿಯೇ ಕೂತಿದ್ದರು. ಕೈ ಬರಿದಾಗಿತ್ತು.

"ಎಲ್ಲಿ ಅದು?"

"ಬೇಜಾರು ಮಾಡ್ಕೋಬೇಡ ಕಣೇ. ನನ್ನ ಕೈ ಬಾತುಕೊಂಡಿದೆ, ದಾರ ಸುತ್ತೋಕೆ ಸಾಲಲಿಲ್ಲ. ಬುಗುರಿ ನಂಗೆ ನಂಗೆ ಅಂತ ಕುಣೀತು. ಅದರ ಕೈಗೆ ಎಷ್ಟು ಒಪ್ಪುತ್ತೆ ನೋಡು!"

ಬುಗುರಿ ನೆಲದ ಮೇಲೆ ಕೂತಿದ್ದಳು. ಪುಟ್ಟ ಮಣಿಕಟ್ಟಿನಲ್ಲಿ ಕೆಂಪು ದಾರ, ಬಿಳಿ ಚಿಪ್ಪು. ಅವಳು ಅಪ್ಪನ ಕೈಯ ಬಾಟಲಿಯನ್ನು ಎರಡೂ ಕೈಯಲ್ಲಿ ಹಿಡಿದು ಬಾಯಿಗೆ ಒತ್ತಿಕೊಂಡಿದ್ದಳು. ಬಾಟಲಿ ಖಾಲಿಯಾಗಿತ್ತು. ಇನ್ನೂ ಹೀರುತ್ತಿದ್ದಳು.

"ಅಮ್ಮಾ, ನೀರು."

ಕೋಚ್ ಕಿರುಚಿದಳು. ಕಿರುಚಿದ್ದರಲ್ಲಿ ಎಲ್ಲವನ್ನೂ ಹೇಳಿಬಿಟ್ಟಳು. ಗಂಟು, ಬಲೆಯ ಹೆಂಗಸು, ದಾಟಿಸುವುದು, ಎಲ್ಲ. ಮಗುವಿನ ಕೈಯಿಂದ ದಾರ ಕಿತ್ತು ತನ್ನ ಕೈಗೆ ಸುತ್ತಿಕೊಂಡಳು. ಏನೂ ಆಗಲಿಲ್ಲ. ಅವಳ ಬಾಯಿ ಒದ್ದೆಯಾಗಿಯೇ ಇತ್ತು. ಗಂಡ ಕಸಿದುಕೊಂಡು ತನ್ನ ಕೈಗೆ ಬಿಗಿದ. ಏನೂ ಆಗಲಿಲ್ಲ. ಬುಗುರಿಯ ತುಟಿ ಬಿರಿಯಿತು.

ಅತ್ತೆ ದಾರಕ್ಕೆ ಕೈ ಚಾಚಿದರು. "ನನಗೆ ಅಂತ ತಾನೇ ತಂದಿದ್ದು ನೀನು," ಎಂದರು. ದನಿಯಲ್ಲಿ ಸಿಟ್ಟಿರಲಿಲ್ಲ. ಬಾತ ಮಣಿಕಟ್ಟಿಗೆ ದಾರವನ್ನು ಚರ್ಮ ಕತ್ತರಿಸುವಷ್ಟು ಬಿಗಿಯಾಗಿ ಎಳೆದರು. "ಬಾ. ನನ್ನ ಹತ್ರ ಬಾ. ಮಗೂನ ಬಿಡು." ದಾರದಡಿ ರಕ್ತ ಒಸರಿತು. ಅಷ್ಟೇ.

ಗೊತ್ತಿದ್ದವರಿಗೆ ಹತ್ತುವುದಿಲ್ಲ. ಈಗ ಮನೆಯವರಿಗೆಲ್ಲ ಗೊತ್ತಿತ್ತು. ಅವಳೇ ಹೇಳಿದ್ದಳು.

ಗೈಡ್ ಹಾರ್ನ್ ಹೊಡೆಸಿದ. ಬೇರೆ ಪ್ರವಾಸಿಗರು ಆಗಲೇ ಬಸ್ಸು ಹತ್ತಿ, ಗಾಜು ಮುಚ್ಚಿಕೊಂಡು, ಕೊಂಡದ್ದನ್ನು ಒಬ್ಬರಿಗೊಬ್ಬರು ತೋರಿಸಿಕೊಳ್ಳುತ್ತಿದ್ದರು. ಸೂರ್ಯನ ಕೆಳಅಂಚು ನೀರಿಗೆ ತಾಗಿತ್ತು.

ಕೋಚ್ ಅತ್ತೆಯ ಕೈಯಿಂದ ದಾರ ಬಿಚ್ಚಿ, ರಕ್ತವನ್ನು ತನ್ನ ಬಟ್ಟೆಗೆ ಒರೆಸಿ, ಚಿಪ್ಪನ್ನು ಉಜ್ಜಿ ಹೊಳೆಯಿಸಿದಳು. ಮಗಳನ್ನು ಎತ್ತಿಕೊಂಡಳು. ಮಗು ಹಗುರವಾಗಿತ್ತು, ಒಣಗಿದ ಕಡ್ಡಿಯ ಹಾಗೆ.

"ಬೇಡ ಕಣೇ," ಎಂದ ಗಂಡ. ತಡೆಯಲು ಮುಂದೆ ಬರಲಿಲ್ಲ.

ಬಸ್ಸಿನೊಳಗೆ ಮೊದಲನೆಯ ಸೀಟಿನಲ್ಲಿ ಬುಗುರಿಯಷ್ಟೇ ದೊಡ್ಡ ಹುಡುಗಿಯೊಬ್ಬಳು ತಾಯಿಯ ತೊಡೆಯ ಮೇಲೆ ಕೂತು ಕಾಲಾಡಿಸುತ್ತಿದ್ದಳು. ಕೋಚ್ ಮಗಳನ್ನು ಮೆಟ್ಟಿಲ ಮೇಲೆ ನಿಲ್ಲಿಸಿ, ದಾರವನ್ನು ಅವಳ ಅಂಗೈಗಿಟ್ಟು, ಕಿವಿಯಲ್ಲಿ ಪಿಸುಗುಟ್ಟಿದಳು. "ಅವಳಿಗೆ ಕೊಡು ಕಂದಾ. ಫ್ರೆಂಡ್ ಆಗೋಣ ಅನ್ನು. ಅಳಬಾರದು. ನಗ್ತಾ ಕೊಡಬೇಕು."

ಬುಗುರಿ ಬಿರಿದ ತುಟಿಗಳನ್ನು ಅಗಲಿಸಿ ನಕ್ಕಳು. ಪುಟ್ಟ ಹೆಜ್ಜೆ ಇಡುತ್ತ ಹೋಗಿ ಕೈ ಚಾಚಿದಳು. ಆ ಹುಡುಗಿ ಚಿಪ್ಪನ್ನು ನೋಡಿ ಕಣ್ಣರಳಿಸಿ, ತೆಗೆದುಕೊಳ್ಳಲೇ ಎಂಬಂತೆ ತಾಯಿಯ ಮುಖ ನೋಡಿದಳು.

"ತಗೋ ಪುಟ್ಟಾ, ಪ್ರೀತಿಯಿಂದ ಕೊಡ್ತಿದಾಳೆ," ಎಂದಳು ಆ ತಾಯಿ. ಮಗಳ ಮಣಿಕಟ್ಟನ್ನು ತಾನೇ ಮುಂದೆ ಹಿಡಿದಳು.

ಅತ್ತೆ ಮುಖ ತಿರುಗಿಸಿ ಕಡಲ ಕಡೆ ನೋಡುತ್ತ ನಿಂತಿದ್ದರು. ಕೋಚ್ ಡ್ರೈವರ್ ಬದಿಯ ಕ್ಯಾನಿನಿಂದ ಒಂದು ಲೋಟ ನೀರು ಬಗ್ಗಿಸಿಕೊಂಡು, ತುಳುಕದಂತೆ ಹಿಡಿದು, ಮಗಳು ವಾಪಸು ಬರುವುದನ್ನೇ ಕಾಯುತ್ತಿದ್ದಳು.