ಏಳನೇ ತುಣುಕಿನಲ್ಲಿ ಅವ್ವ

“ನಮ್ಮವ್ವನ್ನ ಯಾಕ ಕತ್ತರಿಸಿದ್ರಿ?”

ಔರಾದ ಬಸ್‌ಸ್ಟ್ಯಾಂಡ್ ಎದುರಿನ ಮೊಬೈಲ್ ರಿಪೇರಿ ಅಂಗಡಿಯಲ್ಲಿ ಸ್ಕ್ರೂ ಬಿಗಿಯುತ್ತಿದ್ದ ಬಸವಕಿರಣ ಬೆಚ್ಚಿ ತಲೆ ಎತ್ತಿದ.

ನೀಲಾಂಬಿಕಾ! ಆರು ತಿಂಗಳಿಂದ ದಿನಾ ಮೆಸೇಜ್ ಮಾಡುತ್ತಿದ್ದ ಬೀದರದ ಹುಡುಗಿ. ಮೊದಲ ಸಲ ಎದುರಿಗೆ ಬಂದಿದ್ದಳು... ಅದೂ ಬೆಂಕಿ ಉಗುಳುತ್ತ!

ಅವಳ ಸಿಟ್ಟಿಗೆ ಕಾರಣವಿಲ್ಲದಿರಲಿಲ್ಲ. ನೀಲಾ ಮೂರು ತಿಂಗಳ ಕೂಸಿದ್ದಾಗಲೇ ಅವ್ವ ಈರಮ್ಮ ತೀರಿಹೋಗಿದ್ದಳು. ಉಳಿದದ್ದು ಮದುವೆಯ ಒಂದೇ ಫೋಟೋ. ಅದರಲ್ಲೂ ಮದುಮಗಳು ನಾಚಿ ತಲೆ ಬಗ್ಗಿಸಿದ್ದರಿಂದ ಬಾಸಿಂಗ ಬಿಟ್ಟರೆ ಮುಖವೇ ಕಾಣದು.

ಅವ್ವ ಹೇಗಿದ್ದಳು? ಇಪ್ಪತ್ತೇಳು ವರ್ಷಗಳಿಂದ ಇದೊಂದೇ ಚಡಪಡಿಕೆ.

ಭಾಲ್ಕಿಯ ದೊಡ್ಡವ್ವ ಗುರಮ್ಮ ಒಮ್ಮೆ ಹೇಳಿದ್ದಳು: ಮದುವೆಗೆ ಮೊದಲು ಬೀದರ ಕೋಟೆಯಲ್ಲಿ ಸಿನಿಮಾ ಶೂಟಿಂಗ್ ನಡೆದಾಗ ಅವ್ವ ಗುಂಪಿನಲ್ಲಿ ನಿಂತಿದ್ದಳಂತೆ. ಪರದೆಯ ಎಡತುದಿಯಲ್ಲಿ, ನಗುತ್ತ. ಅಕ್ಕತಂಗಿಯರು ಟಾಕೀಸಿಗೆ ಹೋಗಿ ಮೂರು ಸಲ ನೋಡಿದ್ದರಂತೆ.

ಓಡದ ಸಿನಿಮಾ, ಎಲ್ಲೂ ಸಿಗಲಿಲ್ಲ. ಹಳೆಯ ಚಿತ್ರಗಳನ್ನು ತುಣುಕು ಮಾಡಿ ವಿಡಿಯೊ ತಾಣಕ್ಕೆ ಏರಿಸುತ್ತಿದ್ದ ಬಸವಕಿರಣನನ್ನು ಕಮೆಂಟಿನಲ್ಲಿ ಕೇಳಿದಳು. ಪುಣ್ಯಾತ್ಮ, ಚಿಂತಾಕಿ, ಭಾತಂಬ್ರಾ ಅಂತ ಊರೂರು ಸುತ್ತಿ ಯಾರದೋ ಅಟ್ಟದಿಂದ ಬೂಷ್ಟು ಹಿಡಿದ ಕ್ಯಾಸೆಟ್ ಹುಡುಕಿ ತಂದ. ಮೊನ್ನೆ ಏರಿಸಿದ.

ಏಳನೇ ತುಣುಕಿನಲ್ಲಿ ಕೋಟೆ ಬಂತು, ಗುಂಪು ಬಂತು... ಎಡತುದಿಯಲ್ಲಿ ಯಾವನೋ ಮುದುಕ! ಇಪ್ಪತ್ತು ಸಲ ನೋಡಿದರೂ ಅದೇ ಮುದುಕ. ನೀಲಾಗೆ ರಾತ್ರಿ ನಿದ್ದೆಯಿಲ್ಲ, ಬೆಳಗ್ಗೆ ಊಟ ಸೇರಲಿಲ್ಲ. ಸಿಕ್ಕ ಬಸ್ಸು ಹತ್ತಿ ಬಂದೇಬಿಟ್ಟಳು.

“ಸಿನಿಮಾ ಸಿಕ್ಕರ ನಾ ಮಾತಾಡೂದು ಬಿಡ್ತೇನಿ ಅಂತ ಅವ್ವ ಇದ್ದಷ್ಟು ತೆಗೆದಿಟ್ಟೀರಿ. ಹೌದಿಲ್ರಿ?”

ಅವನ ಮುಖ ಇಳಿದುಹೋಯಿತು.

“ಆ ಅಂಜಿಕಿ ಖರೇನ ಅದರಿ. ಒಂದು ದಿನ ಕ್ಯಾಸೆಟ್ ಮುಚ್ಚಿಟ್ಟಿದ್ದೆ. ಆದ್ರ ಮನಸ್ಸು ತಡೀಲಿಲ್ಲ. ಏನೂ ಕತ್ತರಿಸಿಲ್ರಿ.”

ಹಾಗಾದರೆ ಎಡತುದಿಯಲ್ಲಿ ಅವ್ವ ಯಾಕಿಲ್ಲ ಎಂದು ನೀಲಾ ಮತ್ತೆ ಹರಿಹಾಯ್ದಳು. ‘ಎಡತುದಿ’ ಎಂದೊಡನೆ ಅವನು ಹಣೆ ಹಣೆ ಬಡಿದುಕೊಂಡ.

ಸಿನಿಮಾದ ಹಕ್ಕುದಾರರ ಕಂಪ್ಯೂಟರ್ ಗುರುತು ಹಿಡಿದು ತೆಗೆಸದಿರಲಿ ಎಂದು ಹೀಗೆ ಏರಿಸುವವರೆಲ್ಲ ಚಿತ್ರವನ್ನು ಎಡ-ಬಲ ಉಲ್ಟಾ ಮಾಡಿ ಏರಿಸುತ್ತಾರೆ. ಅವನಿಗದು ನಿತ್ಯದ ಕೆಲಸ, ಹೇಳಬೇಕೆಂದು ಹೊಳೆದೇ ಇರಲಿಲ್ಲ.

ತಡಮಾಡದೆ ಮೂಲ ಪ್ರತಿ ಹಾಕಿ, ಕೋಟೆಯ ಹತ್ತಿರ ನಿಲ್ಲಿಸಿದ.

ಎಡತುದಿಯಲ್ಲಿ ಎರಡು ಜಡೆಯ ಹುಡುಗಿ. ನೀಲಾಳದೇ ಮೂಗು, ನೀಲಾಳಂತೆಯೇ ಒಂದೇ ಗಲ್ಲದಲ್ಲಿ ಗುಳಿ. ಬಾಯಿ ತುಂಬ ನಗುತ್ತಿದ್ದಳು.

ನೀಲಾ ದೊಡ್ಡವ್ವನಿಗೆ ವಿಡಿಯೊ ಕಾಲ್ ಹಚ್ಚಿ ತೋರಿಸಿದಳು. ಆಚೆಯಿಂದ ‘ಈರೂ...’ ಎಂಬ ಅಳುವಷ್ಟೇ ಕೇಳಿಸಿತು.

“ಇಪ್ಪತ್ತು ಸಲ ನನ್ನ ಮುಂದ ಬಂದಿದ್ಲರಿ... ನಾ ಬರೇ ಎಡಕ್ಕ ನೋಡಿನಿ.” ನೀಲಾ ಅಲ್ಲೇ ಕುರ್ಚಿಯಲ್ಲಿ ಕುಸಿದು ಅತ್ತಳು. ಅವನು ನೀರು ಕೊಟ್ಟ. ಅಳು ತಗ್ಗಿದ ಮೇಲೆ ಕ್ಯಾಸೆಟ್ಟನ್ನು ಅವಳ ಕೈಗಿಟ್ಟ.

“ಇನ್ನ ನನ್ನ ಕೆಲಸ ಮುಗೀತ್ರಿ.” ಎಂದವನು ಮತ್ತೆ ಸ್ಕ್ರೂ ಬಿಗಿಯಲು ಕೂತ.

ಅಯ್ಯೋ ಹುಚ್ಚಪ್ಪಾ... ಇಷ್ಟೇ ಎಂದುಕೊಂಡನೇ!

ನೀಲಾ ಕಣ್ಣೊರೆಸಿಕೊಂಡು, ಅವ್ವ ನಗುತ್ತಿದ್ದ ಪರದೆಯನ್ನು ಅವನ ಕಡೆ ತಿರುಗಿಸಿದಳು.

“ಅವ್ವಾ, ಇವರ ನೋಡು. ನಿನ್ನ ಹುಡುಕಿ ಕೊಟ್ಟವ್ರು. ನನಗ ಭಾಳ ಬೇಕಾದವ್ರು.”

ಅವನು ಎದ್ದು ಪರದೆಗೆ ಕೈಮುಗಿದ. “ನಾನೂ... ಏನರೆ ಹೇಳ್ಬೇಕೇನ್ರಿ?”

“ದೊಡ್ಡವ್ವನ ಮುಂದ ಹೇಳ್ರಿ. ಅಂಗಡಿ ಮುಚ್ರಿ, ಭಾಲ್ಕಿ ಬಸ್ಸು ನಿಂತದ.”