ಬಾಯಿಪಾಠವಾಗದ ಹಾಡು

ಬಡಗಣ ದಿಕ್ಕಿನ ತುತ್ತತುದಿಯಲ್ಲಿ, ಸಮುದ್ರವು ಬೆಟ್ಟಗಳ ನಡುವೆ ಕೈಚಾಚಿಕೊಂಡಿರುವ ಕಡೆ, ತುಂಬ ಹಿಂದೆ ಹಾಲ್ವಾರ್ ಎಂಬ ರಾಜ ಆಳುತ್ತಿದ್ದ. ಅವನ ರಾಜ್ಯದಲ್ಲಿ ಮನೆಗೊಂದು ಹಾಡು. ಅಜ್ಜಿಯಿಂದ ತಾಯಿಗೆ, ತಾಯಿಯಿಂದ ಮಗಳಿಗೆ ಬಂದ ಹಾಡು. ಬೇಸಿಗೆಯಲ್ಲಿ ಹಸುಗಳು ಬೆಟ್ಟದ ಮೇಲೆ ಮೇಯುತ್ತಿದ್ದವು. ಸಂಜೆ ಮನೆಯವರು ತಮ್ಮ ಹಾಡು ಹಾಡಿ ಕರೆದರೆ ಇಳಿದು ಬರುತ್ತಿದ್ದವು. ಪಕ್ಕದ ಮನೆಯವರು ಗಂಟಲು ಹರಿದುಕೊಂಡರೂ ಅವು ಕಿವಿ ಸಹ ಅಲ್ಲಾಡಿಸುತ್ತಿರಲಿಲ್ಲ.

ಆ ರಾಜ್ಯಕ್ಕೆ ಒಂದು ಕೇಡು ಅಂಟಿಕೊಂಡಿತ್ತು. ಹಾಡುವವರ ದನಿ ಇದ್ದಕ್ಕಿದ್ದಂತೆ ಮಾಯವಾಗುತ್ತಿತ್ತು, ಜತೆಗೇ ಅವರ ಹಸುಗಳೂ ಕಾಣೆಯಾಗುತ್ತಿದ್ದವು. ಹಾಡನ್ನು ತಪ್ಪಾಗಿ ಹಾಡಿದವರಿಗೆ ದೇವರು ಕೊಟ್ಟ ಶಿಕ್ಷೆ ಇದು ಎಂದು ಹಿರಿಯರು ತೀರ್ಮಾನಿಸಿದರು. ರಾಜ ಕಲ್ಲಿನ ಮೇಲೆ ಕಾನೂನು ಕೊರೆಸಿದ: "ಯಾರೂ ತಮ್ಮ ಹಾಡನ್ನು ಕೂದಲೆಳೆಯಷ್ಟೂ ಬದಲಿಸಕೂಡದು." ಜನ ಇನ್ನಷ್ಟು ಕಟ್ಟುನಿಟ್ಟಾಗಿ ಹಾಡಿದರು. ದನಿಗಳು ಇನ್ನಷ್ಟು ಬೇಗ ಮಾಯವಾದವು. ಇದನ್ನು ಕಣ್ಣಾರೆ ನೋಡಿಯೂ ಒಬ್ಬರ ತಲೆಗೂ ಏನೂ ಹೊಳೆಯಲಿಲ್ಲವಲ್ಲ! ಹಿರಿಯರು ಗಡ್ಡ ನೀವಿಕೊಂಡು, "ಇನ್ನೂ ಸರಿಯಾಗಿ ಹಾಡಿ" ಎಂದರು.

ಎಪ್ಪತ್ತು ದಾಟಿದ ಗುನ್‌ಹಿಲ್ ಅಜ್ಜಿಯಷ್ಟು ಸರಿಯಾಗಿ ಹಾಡುವವರು ಆ ರಾಜ್ಯದಲ್ಲೇ ಇರಲಿಲ್ಲ. ಅವಳಿಗೆ ರಗ್ನಾ ಎಂಬ ಒಬ್ಬಳೇ ಮೊಮ್ಮಗಳು. ಒಂದು ಸಂಜೆ ಅಜ್ಜಿ ಅಂಗಳದಲ್ಲಿ ನಿಂತು ಹಸುಗಳನ್ನು ಕರೆಯುತ್ತಿದ್ದಳು. ಹಾಡಿನ ನಡುವೆ ದನಿ ನಿಂತುಹೋಯಿತು. ತುಟಿ ಆಡುತ್ತಿದೆ, ಸದ್ದಿಲ್ಲ. ಮರುಕ್ಷಣವೇ ಎದುರಿನ ಜಲಪಾತದೊಳಗಿನಿಂದ ಹಾಡಿನ ಉಳಿದ ಭಾಗ ಅಜ್ಜಿಯದೇ ದನಿಯಲ್ಲಿ ಕೇಳಿಬಂತು. ರಗ್ನಾಳ ಕಣ್ಣೆದುರೇ ಮನೆಯ ಹನ್ನೆರಡು ಹಸುಗಳು ಬೆಟ್ಟ ಇಳಿದು, ಅಂಗಳವನ್ನು ದಾಟಿ, ಒಂದರ ಹಿಂದೊಂದು ನೀರಿನ ತೆರೆಯೊಳಗೆ ಹೊಕ್ಕು ಕಾಣೆಯಾದವು.

ನೆರೆಹೊರೆಯವರು ಓಡಿ ಬಂದರು. "ಮುದುಕಿ ಎಲ್ಲೋ ತಪ್ಪು ಹಾಡಿರಬೇಕು" ಎಂದರು. ದನಿ ಹೋದಾಗ ಅಳದ ಅಜ್ಜಿ ಆ ಮಾತಿಗೆ ಬಿಕ್ಕಿ ಬಿಕ್ಕಿ ಅತ್ತಳು. ಆ ಅಳುವಿಗೂ ಸದ್ದಿರಲಿಲ್ಲ. ರಗ್ನಾಳಿಗೆ ಅದನ್ನು ನೋಡಲಾಗಲಿಲ್ಲ.

ಬೆಳಗಾದ ಕೂಡಲೇ ಅವಳು ಜಲಪಾತದೆದುರು ನಿಂತು ಕೂಗಿದಳು. "ಯಾರು ಒಳಗಿರೋದು? ನಮ್ಮಜ್ಜಿ ದನಿ ವಾಪಸು ಕೊಡು!"

ನೀರು ಎರಡಾಗಿ ಸೀಳಿತು. ಹಸಿರು ಗಡ್ಡದ ಮಾಂತ್ರಿಕನೊಬ್ಬ ಹೊರಬಂದ. ಅವನ ಹೆಸರು ಸ್ಕುಲೆ.

"ಕೊಡೋಕೆ ನಾನೇನು ಹುಚ್ಚನಾ? ಹಾಡು ಕದ್ದರೆ ಹಸುವೂ ಸಿಗುತ್ತೆ" ಎಂದು ಅವನು ನಕ್ಕ. "ಈ ನಾಡಿನ ನೀರೆಲ್ಲ ನನ್ನ ಕಿವಿ ಕಣೇ ಹುಡುಗಿ. ಒಂದು ಹಾಡನ್ನ ಅದೇ ಥರ ಮತ್ತೆ ಮತ್ತೆ ಹಾಡಿದರೆ ನನಗೆ ಬಾಯಿಪಾಠ ಆಗುತ್ತೆ. ಬಾಯಿಪಾಠ ಆದ ದಿನ ದನಿ ನನ್ನದು. ನಿಮ್ಮಜ್ಜಿ ಎಷ್ಟು ಸರಿಯಾಗಿ ಹಾಡ್ತಿದ್ದಳು ಗೊತ್ತಾ? ಒಂದು ಸ್ವರ ಆಚೀಚೆ ಆಗ್ತಿರಲಿಲ್ಲ!"

ರಗ್ನಾಳಿಗೆ ಈಗ ಅರ್ಥವಾಯಿತು. ಅಜ್ಜಿ ತಪ್ಪಿರಲಿಲ್ಲ. ತಪ್ಪದೇ ಇದ್ದದ್ದೇ ಅವಳಿಗೆ ಮುಳುವಾಗಿತ್ತು! ಊರಿಗೆ ಊರೇ ಇಷ್ಟು ವರ್ಷ ಕಳ್ಳನ ಕೈಗೆ ಬೀಗದ ಕೈ ಕೊಟ್ಟು ಕೂತಿತ್ತು.

"ಪಂದ್ಯ ಕಟ್ಟು" ಎಂದಳು ರಗ್ನಾ.

ಸ್ಕುಲೆಗೆ ಪಂದ್ಯವೆಂದರೆ ಪ್ರಾಣ. "ಮೂರು ಬೆಳಗು, ಮೂರು ಹಾಡು. ನೀನು ಹಾಡು, ನಾನು ಜತೆಗೇ ಹಾಡ್ತೀನಿ. ನನ್ನದು ಒಂದು ಸ್ವರ ತಪ್ಪಿದರೂ ಕದ್ದದ್ದೆಲ್ಲ ವಾಪಸು. ತಪ್ಪದಿದ್ದರೆ ಒಂದೊಂದು ಸಲಕ್ಕೂ ನಿನ್ನ ದನಿಯಲ್ಲಿ ಒಂದೊಂದು ಪಾಲು ನನಗೆ."

ರಗ್ನಾ ಆಗಲೇ ತನ್ನ ತಾಯಿಯ ತೌರಿನ ಲಾಲಿಯೊಂದನ್ನು ಎತ್ತಿಕೊಂಡಳು. ಅದು ಯಾರಿಗೂ ಗೊತ್ತಿಲ್ಲವೆಂದು ಅವಳು ನಂಬಿದ್ದಳು. ಆದರೆ ಅವಳ ತಾಯಿ ಅದನ್ನು ತೊರೆಯ ದಂಡೆಯಲ್ಲಿ ಬಟ್ಟೆ ಒಗೆಯುತ್ತ ನೂರು ಸಲ ಹಾಡಿದ್ದಳಲ್ಲ! ಸ್ಕುಲೆ ಕಣ್ಣು ಮುಚ್ಚಿಕೊಂಡೇ ಜತೆಗೆ ಹಾಡಿ ಮುಗಿಸಿದ. ರಗ್ನಾಳ ದನಿಯ ಮೇಲಿನ ಸ್ವರಗಳೆಲ್ಲ ಹಾರಿಹೋದವು.

ಅವಳು ಬಂದರಿನ ಕಟ್ಟೆಯ ಮೇಲೆ ಕೂತು ಅಳುತ್ತಿದ್ದಾಗ ಒಬ್ಬ ಪರದೇಶಿ ಬಂದ. ತೆಂಕಣ ಸಮುದ್ರದಾಚೆಯ ಸೆಕೆಯ ನಾಡಿನ ನಾವಿಕ, ಹೆಸರು ಅಮೋಸ್. ಕೈಯಲ್ಲಿ ಸೊಂಡಿಲಿನಂತೆ ಬಾಗಿದ ಹಿತ್ತಾಳೆಯ ವಾದ್ಯ. ಈಗ ನೀವು ಸ್ಯಾಕ್ಸೊಫೋನ್ ಅನ್ನುತ್ತೀರಲ್ಲ, ಅದೇ. ಅವನು ಊದಿದ. ಮೀನು ಮಾರುವವರು ತಕ್ಕಡಿ ಹಿಡಿದಲ್ಲೇ ಬಾಯಿ ಬಿಟ್ಟುಕೊಂಡು ನಿಂತರು. ಅಂಥ ಸದ್ದನ್ನು ಅವರ ಮುತ್ತಜ್ಜಂದಿರೂ ಕೇಳಿರಲಿಲ್ಲ.

"ಅಣ್ಣಾ, ಹಳೆ ಹಾಡೆಲ್ಲ ಅವನಿಗೆ ಗೊತ್ತು. ನನಗೊಂದು ಹೊಸ ಹಾಡು ಕಟ್ಟಿಕೊಡು" ಎಂದಳು ರಗ್ನಾ. ಇಬ್ಬರೂ ಕೂತು ಒಂದು ಹಾಡು ಕಟ್ಟಿದರು. ತಪ್ಪಬಾರದೆಂದು ಕತ್ತಲಾಗುವವರೆಗೆ ಮತ್ತೆ ಮತ್ತೆ ಹಾಡಿ ಗಟ್ಟಿ ಮಾಡಿಕೊಂಡರು. ಕಟ್ಟೆಯ ಕೆಳಗೆ ನೀರು ಮೆಲ್ಲಗೆ ಬಡಿಯುತ್ತಲೇ ಇತ್ತು.

ಎರಡನೇ ಬೆಳಗು ಅವಳು ಬಾಯಿ ತೆರೆದಳು. ಸ್ಕುಲೆಯೂ ತೆರೆದ. ನಿನ್ನೆ ಹುಟ್ಟಿದ ಹಾಡನ್ನು ಹುಟ್ಟಿನಿಂದ ಬಲ್ಲವನಂತೆ ಜತೆಗೆ ಹಾಡಿದ! ರಗ್ನಾಳ ಕೆಳಗಿನ ಸ್ವರಗಳೂ ಹೋದವು. ನಡುವಿನ ನಾಲ್ಕೇ ನಾಲ್ಕು ಸ್ವರ ಉಳಿದವು.

"ನಾಳೆ ನೀನು ನಿಮ್ಮಜ್ಜಿಯ ಹಾಡನ್ನೇ ಹಾಡಬೇಕು" ಎಂದ ಸ್ಕುಲೆ. ಅವನಿಗೆ ಅತಿ ಚೆನ್ನಾಗಿ ಬರುತ್ತಿದ್ದದ್ದು ಅದೇ.

"ಹೊಸದಾದರೂ ಬಾಯಿಪಾಠ ಮಾಡಿದರೆ ಹಳೆಯದೇ ಅಲ್ವಾ ಅಣ್ಣಾ?" ಎಂದಳು ರಗ್ನಾ ಬಂದರಿಗೆ ಹಿಂತಿರುಗಿ.

ಅಮೋಸ್ ತಲೆ ಕೆರೆದುಕೊಂಡ. "ನಮ್ಮೂರಲ್ಲಿ ಬಾಯಿಪಾಠವೇ ಇಲ್ಲಮ್ಮ. ಎಲ್ಲರಿಗೂ ಗೊತ್ತಿರೋ ಹಾಡು ಎತ್ಕೊಳ್ತೀವಿ. ಎಲ್ಲಿ ತಿರುಗಬೇಕು ಅಂತ ಅಲ್ಲಲ್ಲೇ ಯೋಚಿಸ್ತೀವಿ. ನಿನ್ನೆ ನುಡಿಸಿದ್ದು ಇವತ್ತು ಕೇಳಿದರೆ ನನಗೇ ಬರಲ್ಲ."

ರಗ್ನಾ ಮನೆಗೆ ಬಂದು ಅಜ್ಜಿಯ ಕಾಲ ಬಳಿ ಕೂತಳು. ಮಾಂತ್ರಿಕ ಹೇಳಿದ್ದನ್ನೆಲ್ಲ ಹೇಳಿದಳು. "ಅಜ್ಜೀ, ನಾಳೆ ನಿನ್ನ ಹಾಡನ್ನ ಬದಲಾಯಿಸಿ ಹಾಡ್ತೀನಿ. ಬೇರೆ ದಾರಿ ಇಲ್ಲ" ಎಂದಳು. ಅಜ್ಜಿ ಅವಳ ಕೆನ್ನೆಗೆ ಫಟೀರನೆ ಬಾರಿಸಿದಳು. ಹುಟ್ಟಿದಾಗಿನಿಂದ ಒಂದು ಏಟು ಹಾಕಿದವಳಲ್ಲ. ಆಮೇಲೆ ಗೋಡೆಯ ಕಡೆ ತಿರುಗಿ ಮಲಗಿಬಿಟ್ಟಳು. ಏಟಿಗಿಂತ ಅದು ರಗ್ನಾಳನ್ನು ಹೆಚ್ಚು ನೋಯಿಸಿತು.

ಆದರೂ ಮೂರನೇ ಬೆಳಗು ಅವಳು ಅಮೋಸನನ್ನು ಕರೆದುಕೊಂಡು ಜಲಪಾತಕ್ಕೆ ಹೋದಳು. ಸುದ್ದಿ ಅರಮನೆಗೆ ಮುಟ್ಟಿತ್ತು. ರಾಜ, ಹಿರಿಯರು, ಭಟರು, ಊರಿನ ಜನರೆಲ್ಲ ಸೇರಿದ್ದರು. ಹಿಂದೆ ಎಲ್ಲೋ ಅಜ್ಜಿಯೂ ಬಂದು ನಿಂತಿದ್ದಳು.

ರಗ್ನಾ ಅಜ್ಜಿಯ ಹಾಡಿನ ಮೊದಲ ಸಾಲು ಹಾಡಿದಳು. ಸ್ಕುಲೆ ಜತೆಗೆ ಹಾಡಿದ. ಎರಡನೇ ಸಾಲೂ ಹಾಗೆಯೇ ಆಯಿತು. ಆಗ ಅಮೋಸ್ ವಾದ್ಯ ಊದಿದ. ಎಲ್ಲಿಂದಲೋ ಎಲ್ಲಿಗೋ ಹೋಗುವ ಸ್ವರ. ಅದು ರಗ್ನಾಳಿಗೂ ಗೊತ್ತಿರಲಿಲ್ಲ. ಮುಂದೇನೆಂದು ಅವಳಿಗೇ ತಿಳಿಯದು. ಇದ್ದ ನಾಲ್ಕು ಸ್ವರಗಳನ್ನೇ ಹಿಡಿದು ಅವಳು ಹಾರಿಬಿಟ್ಟಳು. ಹಾಡು ಎಡಕ್ಕೆ ಹೊರಳಿತು, ನಿಂತಿತು, ನಿಲ್ಲಬಾರದ ಕಡೆ ನಗಾಡಿತು, ಮತ್ತೆ ಎದ್ದು ಓಡಿತು. ಸ್ಕುಲೆ ಅಟ್ಟಿಸಿಕೊಂಡು ಬಂದ. ಅವನು ಅಲ್ಲಿ ಮುಟ್ಟುವಷ್ಟರಲ್ಲಿ ಅವಳು ಇಲ್ಲಿದ್ದಳು. ಅವನ ಸ್ವರ ತಪ್ಪಿತು. ಜನ ಬೆಪ್ಪಾಗಿ ನಿಂತರು. ರಾಜನ ಕೈಯಿಂದ ರಾಜದಂಡ ಜಾರಿ ಬಿತ್ತು.

"ಮೋಸ! ಇದು ಆ ಹಾಡೇ ಅಲ್ಲ!" ಎಂದು ಸ್ಕುಲೆ ಅರಚಿದ.

"ಹೌದು, ಆ ಹಾಡಲ್ಲ!" ಎಂದು ಹಿರಿಯರೂ ಕೂಗಿದರು. ಕಳ್ಳನ ಪಕ್ಷ ಹಿಡಿಯುತ್ತಿದ್ದೇವೆಂಬ ಎಚ್ಚರ ಅವರಿಗೆಲ್ಲಿ?

ರಗ್ನಾ ಹಾಡುತ್ತಲೇ ಇದ್ದಳು. ನೀರಿನ ತೆರೆ ಅಲುಗಿತು. ಒಂದು ಒದ್ದೆ ಮೂತಿ ಹೊರಗೆ ಬಂತು. ಆಮೇಲೆ ಕೊಂಬು, ಆಮೇಲೆ ಇಡೀ ಹಸು. ಒಂದು, ಎರಡು, ಮೂರು, ಹನ್ನೆರಡು! ಪಕ್ಕದ ಮನೆಯ ಹಾಡಿಗೆ ಕಿವಿ ಅಲ್ಲಾಡಿಸದ ಹಸುಗಳು ರಗ್ನಾಳ ಸುತ್ತ ಬಂದು ನಿಂತು ಅಂಬಾ ಎಂದವು. ಆ ಹಾಡು ಯಾವುದೆಂದು ಇನ್ನಾರು ಹೇಳಬೇಕಿತ್ತು?

ಸ್ಕುಲೆ ಸೋತ. ಅವನ ಬಾಯಿಂದ ಕದ್ದ ದನಿಗಳು ದಬದಬನೆ ಹೊರಬಿದ್ದು ತಂತಮ್ಮ ಗಂಟಲು ಸೇರಿದವು, ಉಳಿದ ಮನೆಗಳ ಹಸುಗಳೂ ಮರಳಿ ಬಂದವು. ಎಲ್ಲ ಹೋದ ಮೇಲೆ ಅವನದೆನ್ನುವ ದನಿ ಒಂದೂ ಉಳಿಯಲಿಲ್ಲ. ಅವನು ಕರಗಿ ನೀರಾದ, ಗಡ್ಡ ಪಾಚಿಯಾಗಿ ಬಂಡೆಗೆ ಅಂಟಿಕೊಂಡಿತು. ರಾಜ ಅಂದೇ ಕಾನೂನಿನ ಕಲ್ಲನ್ನು ಒಡೆಸಿದ.

ರಗ್ನಾ ಓಡಿ ಹೋಗಿ ಅಜ್ಜಿಯನ್ನು ತಬ್ಬಿಕೊಂಡಳು. ಅಜ್ಜಿಯ ಮೊದಲ ಮಾತು ಇದು: "ಹಾಗಾ ಹಾಡೋದು, ಮೂರೂ ಬಿಟ್ಟವಳೇ!" ಹಾಗೆಂದು ಮೊಮ್ಮಗಳ ಕೆನ್ನೆ ಸವರಿ ಗಳಗಳನೆ ಅತ್ತಳು. ಈ ಸಲ ಅಳು ಊರಿಗೆಲ್ಲ ಕೇಳಿಸಿತು.

ಅಲ್ಲಿಂದಾಚೆಗೆ ರಗ್ನಾ ಮತ್ತು ಅಮೋಸ್ ಬಂದರಿನಿಂದ ಬಂದರಿಗೆ ಹಾಡಿಕೊಂಡು ತಿರುಗಿದರು. ಆ ಬಗೆಯ ಹಾಡಿಗೆ ಇಂದಿನವರು ಜಾಝ್ ಅನ್ನುತ್ತಾರಂತೆ, ಅನ್ನಲಿ. ಕೆಲವರು ಕುಣಿದರು, ಕೆಲವರು ಮುಖ ಸಿಂಡರಿಸಿದರು. ಅವಳ ಹೆಸರು ಸಮುದ್ರ ದಾಟಿತು. ವರ್ಷದ ಮೇಲೆ ರಾಜನೇ ಮಧ್ಯಾಹ್ನದ ಔತಣಕ್ಕೆ ಕರೆಸಿ, ಹಿರಿಯಳೆಂಬ ಮರ್ಯಾದೆಯಿಂದ ಮೊದಲು ಅಜ್ಜಿಯನ್ನು ಹಾಡಲು ಕೇಳಿಕೊಂಡ.

ಅಜ್ಜಿ ಎದ್ದು ನಿಂತಳು. ಮೊದಲ ಸಾಲು ಎಂದಿನಂತೆಯೇ ಹಾಡಿದಳು. ಎರಡನೆಯದೂ ಹಾಗೆಯೇ. ಆಮೇಲೆ ಹಾಡು ನಿಲ್ಲಿಸಿ ಅಮೋಸನ ಕಡೆ ತಿರುಗಿ, "ಊದಪ್ಪ, ನೋಡೇ ಬಿಡೋಣ" ಎಂದಳು. ಅವನು ಊದಿದ. ಎಪ್ಪತ್ತು ವರ್ಷ ಒಂದು ಸ್ವರ ಆಚೀಚೆ ಮಾಡದ ಮುದುಕಿ ಕಣ್ಣು ಮುಚ್ಚಿ, ಯಾರೂ ಹೋಗದ ಕಡೆ ಹೊರಟೇಬಿಟ್ಟಳು. ಸಭೆಗೆ ಸಭೆಯೇ ತುತ್ತು ಬಾಯಲ್ಲಿಟ್ಟುಕೊಂಡು ಕಲ್ಲಾಯಿತು.

ಅವಳು ಹಾಡಿ ಮುಗಿಸುವ ಹೊತ್ತಿಗೆ ಊಟವೆಲ್ಲ ಆರಿಹೋಗಿತ್ತು. ಆ ತಣ್ಣನೆಯ ಊಟವನ್ನೇ ಎಲ್ಲರೂ ಖುಷಿಯಿಂದ ಉಂಡರು.